ಗಡಿ ಯಾರದ್ದೆಂದು ಕೇಳಿದರೆ ಗಡಿಯಾರ ಅಚ್ಚು ಹಾಕಿದವರಿಗೆ

ಬ್ಯಾನರ್ ಅಂಗಡಿಯ ಮಾನ್ಯ ಮಾಲೀಕರೇ,

ತಾವು, ತಮ್ಮ ಮುದ್ರಣಯಂತ್ರ ಹಾಗೂ ಅದರ ಮೇಲೆ ಕಾಫಿ ಲೋಟ ಇಡುವ ತಮ್ಮ ಭಾವಮೈದುನ, ಮೂವರೂ ಕ್ಷೇಮವೆಂದು ನಂಬಿ, ಸಕಲ ಗೌರವಗಳೊಂದಿಗೆ ಈ ದೂರನ್ನು ಊರೆಲ್ಲ ಓದುವಂತೆ ಬರೆಯುತ್ತಿದ್ದೇನೆ.

ನಾನು ವಿಡಿಯೊ ಕಲಾವಿದೆ. ಹಳೆಯ ಗೋದಾಮೊಂದರ ನಡುವೆ ಹಗ್ಗ ಕಟ್ಟಿ, ಒಂದು ಗೋಡೆಯ ಮೇಲೆ ಗಡಿಯಾಚೆ ಹುಟ್ಟಿದ ನನ್ನ ಅಮ್ಮ ತನ್ನ ಭಾಷೆಯಲ್ಲಿ ಮಾತನಾಡುವ, ಎದುರು ಗೋಡೆಯ ಮೇಲೆ ಈಚೆ ಹುಟ್ಟಿದ ನಾನು ನನ್ನ ಭಾಷೆಯಲ್ಲಿ ಉತ್ತರಿಸುವ ಚಿತ್ರ ಬಿಟ್ಟು, ಪ್ರದರ್ಶನಕ್ಕೆ ‘ಗಡಿ ಯಾರದ್ದು?’ ಎಂದು ಹೆಸರಿಟ್ಟೆ. ತಾವು ಎರಡು ಪದಗಳ ನಡುವಿನ ಖಾಲಿ ಜಾಗದಿಂದ ಬ್ಯಾನರಿನ ಬಟ್ಟೆ ದಂಡವೆಂದು ಬಗೆದು ಅದನ್ನು ಮುಚ್ಚಿ, ಪ್ರಶ್ನೆಯ ಚಿಹ್ನೆಯನ್ನು ಬೇಡದ ಕೊಕ್ಕೆಯೆಂದು ಕಿತ್ತು, ‘ಗಡಿಯಾರದ್ದು’ ಎಂದು ಅಚ್ಚು ಹಾಕಿ, ಸಾಲದ್ದಕ್ಕೆ ಪಕ್ಕದಲ್ಲೊಂದು ಮುದ್ದಾದ ಅಲಾರಂ ಗಡಿಯಾರವನ್ನೂ ಪುಕ್ಕಟೆಯಾಗಿ ಕೂರಿಸಿದಿರಿ. ತಮ್ಮ ಧಾರಾಳಕ್ಕೆ ಏನೆನ್ನಲಿ!

ಬೆಳಿಗ್ಗೆ ಬಾಗಿಲು ತೆರೆದರೆ, ಕೆಟ್ಟ ಗಡಿಯಾರಗಳನ್ನು ಕಂಕುಳಲ್ಲಿ ಅವುಚಿಕೊಂಡ ಜನ. ನಾನು ವರ್ಷಗಟ್ಟಲೆ ತಲೆ ಕೆಡಿಸಿಕೊಂಡು ಎಳೆದ ಗಡಿರೇಖೆಯನ್ನು ಸರದಿಯ ಹಗ್ಗವೆಂದು ತಿಳಿದು ಶಿಸ್ತಾಗಿ ನಿಂತರು. ಇಲ್ಲಿ ರಿಪೇರಿ ಇಲ್ಲವೆಂದರೂ ಕದಲದೆ, “ಬಂದಿದ್ದಾಯ್ತಲ್ಲ, ಸಿನಿಮಾನಾದ್ರೂ ನೋಡೋಣ” ಎಂದು ನೆಲದ ಮೇಲೆ ಕುಳಿತೇಬಿಟ್ಟರು.

ನಿಜ ಹೇಳಬೇಕೆಂದರೆ, ನನ್ನ ಕೆಲಸ ಕಂಡರೆ ಮೂಗು ಮುರಿಯುವ ಅಮ್ಮ ಒಮ್ಮೆ ಬಂದು ನೋಡಲಿ ಎಂಬುದೊಂದೇ ನನ್ನ ಆಸೆಯಾಗಿತ್ತು. ಎಷ್ಟು ಗೋಗರೆದರೂ “ಹಗ್ಗ ಕಟ್ಟೋದೂ ಒಂದು ಕೆಲಸವೇನೇ?” ಎನ್ನುತ್ತಿದ್ದವಳು, ಮಗಳು ಕೊನೆಗೂ ರಿಪೇರಿ ಅಂಗಡಿ ತೆರೆದಳೆಂಬ ಸುದ್ದಿ ಕೇಳಿ, ಅಡುಗೆಮನೆಯ ಗಡಿಯಾರ ಹೊತ್ತು ಓಡೋಡಿ ಬಂದಳು. ಕತ್ತಲಲ್ಲಿ ತನ್ನದೇ ಮುಖ ಗೋಡೆಯಗಲ ಮಾತನಾಡುವುದನ್ನು ಕಂಡು ಅಲ್ಲಾಡದೆ ನಿಂತಳು. ಪಕ್ಕದಲ್ಲಿದ್ದ ಹಿರಿಯರೊಬ್ಬರು ಗೋಡೆಯನ್ನೂ ಅವಳನ್ನೂ ನೋಡಿ, “ನೀವು ಯಾವ ಕಡೆಯವರಮ್ಮಾ?” ಎಂದು ಕೇಳಿದರು.

“ನಾನಾ? ಹಗ್ಗ ಕಟ್ಟಿದ್ದಾಳಲ್ಲ, ಆ ಹುಡುಗಿ ಕಡೆಯವಳು” ಎಂದಳು ಅಮ್ಮ. ನಾನು ಪ್ರೊಜೆಕ್ಟರಿನ ಹಿಂದೆ ನಿಂತು, ಖುಷಿ ತಡೆಯಲಾರದೆ ಮನಸಾರೆ ಅತ್ತೆ.

ಆದಕಾರಣ, ಜಗತ್ತಿನ ಭೂಪಟಗಳನ್ನೆಲ್ಲ ಅಚ್ಚು ಹಾಕುವ ಗುತ್ತಿಗೆ ತಮಗೇ ಸಿಗಲಿ, ದೇಶದೇಶಗಳ ನಡುವಿನ ಗೆರೆಗಳನ್ನೂ ತಾವು ಇದೇ ಬೇಜವಾಬ್ದಾರಿಯಿಂದ ನುಂಗಿಹಾಕುವಂತಾಗಲಿ ಎಂದು ಕೈಮುಗಿದು ಕೋರುತ್ತೇನೆ.

ಇಷ್ಟಾದ ಮೇಲೂ ತಮ್ಮ ವಿಶ್ವಾಸಿ,
ಗಡಿಯಾರದವಳು

ತಾ.ಕ.: ಮುಂದಿನ ಪ್ರದರ್ಶನದ ಹೆಸರು ‘ಬೇಲಿ ಇಲ್ಲ’. ದಯಮಾಡಿ ಅದನ್ನು ‘ಬೆಲೆ ಇಲ್ಲ’ ಮಾಡಬೇಡಿ. ಆ ಮಾತನ್ನು ವಿಮರ್ಶಕರು ಆಗಲೇ ಬರೆದುಬಿಟ್ಟಿದ್ದಾರೆ.