ವಲೆಂಟೈನ್ ಕಂಪೆನಿಗೆ ಮನೆ ಹುಡುಕಿದ್ದು

ಸೌದಿಯ ಉನೈಜಾ ಊರಿನ ಖರ್ಜೂರದ ವ್ಯಾಪಾರಿ ಹಂಝನ ಶೀತಲಗೃಹ ನಡುಬೇಸಿಗೆಯಲ್ಲಿ ಒಲೆಯಾಗಿ, ಖರ್ಜೂರವೆಲ್ಲ ಪಾಕವಾಗಿ ಬಾಗಿಲಡಿಯಿಂದ ರಸ್ತೆಗೆ ಹರಿಯಿತು. ಯಂತ್ರ ಕೂಡಿಸಿದ್ದು ವಲೆಂಟೈನ್ ನೌಕರಿಯಲ್ಲಿದ್ದ ಕಂಪೆನಿ. ಹಂಝ ರಿಯಾದಿನಲ್ಲಿ ದಾವೆ ಹೂಡಿದ. ವಿಚಾರಣೆ ಬಿದ್ದದ್ದು, ಮಗಳು ಜೀನಾಳ ಮದುವೆಗೆಂದು ವಲೆಂಟೈನ್ ಹೆಂಡತಿ ನ್ಯಾನ್ಸಿಯೊಡನೆ ಮಂಗಳೂರಿಗೆ ಹೊರಡಬೇಕಿದ್ದ ದಿನವೇ.

ಯಜಮಾನ ಅಬ್ದುಲ್ಲಾ ಬೆಳಿಗ್ಗೆಯೇ ಫೋನು ಮಾಡಿದ. "ಮಧ್ಯಾಹ್ನ ವಿಡಿಯೋದಲ್ಲಿ ನೀನೇ ಹಾಜರಾಗು. ನಮ್ಮ ಕಂಪೆನಿ ಇರುವುದು ಉನೈಜಾದಲ್ಲಿ ಅಂತ ಹೇಳು. ನ್ಯಾಯಾಧೀಶರು ಒಪ್ಪಿದರೆ ದಾವೆ ಅಲ್ಲಿಗೆ ಹೋಗುತ್ತದೆ, ಅಲ್ಲಿನ ನಮ್ಮ ನೌಕರ ಇಕ್ರಾಮುಲ್ಲಾ ನೋಡಿಕೊಳ್ಳುತ್ತಾನೆ, ನೀನು ವಿಮಾನ ಹತ್ತು. ಒಪ್ಪದಿದ್ದರೆ ದಾವೆ ಮುಗಿಯುವವರೆಗೆ ರಜೆ ಇಲ್ಲ."

ಕಂಪೆನಿಯ ನೋಂದಣಿ ಉನೈಜಾದಲ್ಲಿ, ಕಾರ್ಖಾನೆ ಅಲ್ ಖರ್ಜ್‌ನಲ್ಲಿ, ಬೋರ್ಡು ತೂಗಿದ ಆಫೀಸು ರಿಯಾದಿನ ಒಲಾಯಾದಲ್ಲಿ. ಮೂರು ಮನೆಯಲ್ಲಿ ಚಪ್ಪಲಿ ಬಿಟ್ಟ ಅಳಿಯನ ಹಾಗೆ ಅದು ಎಲ್ಲೆಲ್ಲೂ ಇತ್ತು, ಎಲ್ಲೂ ಇರಲಿಲ್ಲ.

ಪಕ್ಕದ ಫ್ಲಾಟಿನ ಪೊಡಿಯಬ್ಬ, ಮಂಗಳೂರಿನವನೇ, ಕರೆಯದೆಯೇ ಬಂದ. ಊರಿನ ರೂಢಿಯಂತೆ ಇವನು ಕ್ರೈಸ್ತನಾದ ವಲೆಂಟೈನ್‌ನನ್ನು ಪೊರ್ಬು ಎಂದರೆ, ಅವನು ಮುಸ್ಲಿಮನಾದ ಇವನನ್ನು ಬ್ಯಾರಿ ಎನ್ನುತ್ತಿದ್ದ. "ಎಂತ ಪೊರ್ಬುಗಳೇ, ಮೋರೆ ಸುಟ್ಟ ಬದನೆ ಹಾಗೆ ಮಾಡಿದ್ದೀರಿ?" ಸಂಗತಿ ಕೇಳಿ ನಕ್ಕ. "ಇಷ್ಟೆಯಾ? ಬೋರ್ಡೇ ಇಲ್ಲದಿದ್ರೆ ಆಫೀಸು ಎಲ್ಲಿಂದ? ಯಲ್ಲಾ, ಬನ್ನಿ, ಬಿಚ್ಚುವ!"

"ಯಜಮಾನ ಬಯ್ಯುದಿಲ್ವಾ ಬ್ಯಾರಿಗಳೇ?"

"ನಾಳೆ ಪುನಃ ಹಾಕಿದ್ರಾಯ್ತು ಮಾರಾಯ್ರೇ!"

ಒಲಾಯಾದಲ್ಲಿ ಏಣಿ ಹತ್ತಿ ಬೋರ್ಡು ಇಳಿಸಿದ್ದೇ ತಡ, ಕಂಪೆನಿ ಮುಚ್ಚಿತೆಂದು ಕಟ್ಟಡವೆಲ್ಲ ಗುಲ್ಲಾಯಿತು. ಒಬ್ಬ ಫ್ರಿಜ್ಜಿಗೆ ದರ ಕೇಳಿದ. ಇನ್ನೊಬ್ಬ ಯಜಮಾನನ ಕುರ್ಚಿಯಲ್ಲಿ ಕೂತು ಗಿರಗಿರ ತಿರುಗಿ, "ಕಿರುಗುಡುತ್ತದೆ" ಎಂದು ಮೂಗು ಮುರಿದ. ಮೂರನೆಯವನು ಕೇಳದೆಯೇ ಹೊತ್ತೊಯ್ದ ಮೇಜನ್ನು ಲಿಫ್ಟಿನಿಂದ ಎಳೆದು ತರುವಷ್ಟರಲ್ಲಿ ವಿಚಾರಣೆಯ ಹೊತ್ತಾಗಿತ್ತು. ಆಫೀಸಿನಲ್ಲೇ ಕೂತು ಆಫೀಸಿಲ್ಲ ಎನ್ನುವುದು ಹೇಗೆ? ಇಬ್ಬರೂ ವಲೆಂಟೈನ್‌ನ ಮನೆಗೆ ಓಡಿ ವಿಡಿಯೋ ಹಚ್ಚಿದರು.

ವಲೆಂಟೈನ್‌ನ ಅರಬಿ ತರಕಾರಿ ಕೊಳ್ಳಲಷ್ಟೇ ಸಾಕಿತ್ತು. ಪೊಡಿಯಬ್ಬ ದುಭಾಷಿಯಾಗಿ ಸೋಫಾದಲ್ಲಿ ಒತ್ತಿಕೊಂಡು ಕೂತ. "ಒಲಾಯಾದಲ್ಲಿ ಬೋರ್ಡೂ ಇಲ್ಲ ಸ್ವಾಮಿ, ಅಲ್ ಖರ್ಜ್‌ನಲ್ಲಿ ಬರೇ ಯಂತ್ರ. ಕಂಪೆನಿ ಉನೈಜಾದ್ದೇ," ಎಂದ ನ್ಯಾಯಾಧೀಶರಿಗೆ.

ಹಂಝ ಪರದೆಯಲ್ಲೇ ಎಗರಿದ. "ಉನೈಜಾದವರನ್ನು ಏನು ಕೇಳಿದರೂ ವಲೆಂಟೈನ್‌ನನ್ನು ಕೇಳು ಅಂತಾರೆ!"

"ಹಾಗಾದರೆ ಕಂಪೆನಿಯಲ್ಲಿ ತೀರ್ಮಾನ ಮಾಡುವವರು ಯಾರು?" ನ್ಯಾಯಾಧೀಶರು ಕೇಳಿದರು.

"ನಾನು ಬರೇ ನೌಕರ ಅಂತ ಹೇಳಿ ಬ್ಯಾರಿಗಳೇ," ವಲೆಂಟೈನ್ ಪಿಸುಗುಟ್ಟಿದ.

ಪೊಡಿಯಬ್ಬನಿಗೆ ತಡೆಯಲಾಗಲಿಲ್ಲ. ಊರಿನವನ ಮಾನ ಪರವೂರಿನ ಕೋರ್ಟಿನಲ್ಲಿ ಹೋಗುವುದೆಂದರೇನು! "ಇವರಿಲ್ಲದೆ ಆ ಕಂಪೆನಿ ಉಸಿರೂ ಬಿಡುವುದಿಲ್ಲ ಸ್ವಾಮಿ! ಯಜಮಾನ ಮರುಭೂಮಿಯಲ್ಲಿ ಒಂಟೆ ನೋಡಿಕೊಂಡಿರುತ್ತಾನೆ. ಯಂತ್ರ ಎಲ್ಲಿ ಕೂಡಿಸುವುದು, ಯಾರನ್ನು ಕೆಲಸಕ್ಕೆ ಸೇರಿಸುವುದು, ಎಲ್ಲ ಇವರ ಬುದ್ಧಿ. ರಾತ್ರಿಹಗಲು ಈ ಸೋಫಾದಲ್ಲೇ ಕೂತು!"

"ಸೋಫಾ ಯಾವ ಊರಿನಲ್ಲಿದೆ?"

"ರಿಯಾದಿನಲ್ಲೇ!" ಪೊಡಿಯಬ್ಬ ಎದೆಯುಬ್ಬಿಸಿದ.

"ಬುದ್ಧಿ ಓಡುವ ಜಾಗವೇ ಕಂಪೆನಿಯ ಮನೆ," ಎಂದರು ನ್ಯಾಯಾಧೀಶರು. "ದಾವೆ ಇಲ್ಲೇ ನಡೆಯಲಿ."

ವಲೆಂಟೈನ್ ಪೊಡಿಯಬ್ಬನ ಕುತ್ತಿಗೆಗೆ ಕೈ ಹಾಕುವ ಮೊದಲೇ ಅಬ್ದುಲ್ಲಾನ ಫೋನು ಬಂತು. ದನಿಯಲ್ಲಿ ಸಿಟ್ಟಿರಲಿಲ್ಲ, ಸಂತೋಷವೇ ಇತ್ತು. "ಮಬ್ರೂಕ್, ಅಭಿನಂದನೆ! ಮುಖ್ಯ ಕಚೇರಿ ನಿನ್ನ ಮನೆಯೇ ಅಂತ ಕೋರ್ಟೇ ಹೇಳಿದ ಮೇಲೆ ಒಲಾಯಾದ್ದಕ್ಕೆ ನಾನು ಬಾಡಿಗೆ ಕಟ್ಟುವುದು ಯಾಕೆ? ಎಲ್ಲರನ್ನೂ ಅಲ್ಲಿಗೇ ಕಳಿಸಿದ್ದೇನೆ."

ಕರೆಗಂಟೆ ಮೊಳಗಿತು. ಆಫೀಸಿನವರು ಕಪಾಟು ಹೊತ್ತು ಸಾಲಾಗಿ ಒಳಬಂದರು. ನ್ಯಾನ್ಸಿ ಗೋಡೆಗೊತ್ತಿ ನಿಂತು ದಾರಿ ಬಿಟ್ಟಳು, ಆಮೇಲೆ ತನ್ನ ಸೂಟ್‌ಕೇಸು ಎತ್ತಿಕೊಂಡಳು.

"ಜೀನಾಳನ್ನು ಇಗರ್ಜಿಯ ಅಲ್ತಾರಿಗೆ ನಿಮ್ಮ ಬದಲು ಅವಳ ಸೋದರಮಾವ ಕರ್ಕೊಂಡು ಹೋಗ್ತಾನೆ," ಎಂದಳು. "ನಿಮ್ಮ ಕಂಪೆನಿಗೆ ಚಾ ನೀವೇ ಮಾಡಿ ಕೊಡಿ."