ಮುದಗಲ್ಲಿನಲ್ಲಿ ಐದು ನಿಮಿಷದ ಸ್ಟಾಪು

ನಮ್ಮ ಮಾವ ತನ್ನ ಮದುವೆಯಲ್ಲಿ ತಾಳಿ ಕಟ್ಟಿದ ಕೂಡಲೇ "ರೈಟ್ ರೈಟ್!" ಎಂದು ಕೂಗಿದವನು! ನೀವು ನಂಬುವುದಿಲ್ಲ, ಗೊತ್ತು. ನಾನೂ ನಂಬಿರಲಿಲ್ಲ. ಆದರೆ ಅವನ ಅಕ್ಕ, ಅಂದರೆ ನಮ್ಮವ್ವ, ಮಸ್ಕಿ ಮಲ್ಲಯ್ಯನ ಆಣೆ ಮಾಡಿ ಹೇಳುತ್ತಾಳೆ. ಅಕ್ಕಿಕಾಳು ಹಿಡಿದು ನಿಂತಿದ್ದ ಮಂದಿ ಹಾಕಬೇಕೋ ಬಿಡಬೇಕೋ ತಿಳಿಯದೆ ಹಾಗೇ ನಿಂತರಂತೆ. ಬಾಜಾದವರು ಎಲ್ಲ ಮುಗಿಯಿತೆಂದು ಊಟದ ಪಂಕ್ತಿಗೆ ನಡೆದೇಬಿಟ್ಟರಂತೆ! ಮಾವ ಬಸ್ ಕಂಡಕ್ಟರ್ ನೌಕರಿಗೆ ಸೇರಿ ಆಗ ಮೂರೇ ತಿಂಗಳಾಗಿತ್ತು. ಮೂರು ತಿಂಗಳಿಗೇ ಹೀಗಾದರೆ ಮೂವತ್ತು ವರ್ಷಕ್ಕೆ ಏನಾಗಿರಬೇಡ?

ಏನಾಗಿದೆ ಅಂತ ನೋಡಬೇಕಾದರೆ ಸಿಂಧನೂರಿನ ಅವನ ಮನೆಗೆ ಬರಬೇಕು. ನಿವೃತ್ತಿಯಾಗಿ ಎರಡು ವರ್ಷವಾದರೂ ಕೊರಳಲ್ಲಿ ಸೀಟಿ ಇನ್ನೂ ತೂಗುತ್ತದೆ. ಬಾಗಿಲಲ್ಲಿ ನಿಂತು ಮಾತಾಡುವ ಹಾಗಿಲ್ಲ. "ಒಳಗ ನಡೀರಿ, ಒಳಗ ಜಾಗ ಐತಿ" ಎಂದು ಬೀಗರನ್ನು ಕೂಡ ಅಡುಗೆ ಮನೆಯ ತನಕ ತಳ್ಳುತ್ತಾನೆ. ಊಟಕ್ಕೆ ಕೂತರೆ "ಯಾರರ ಉಳಿದೀರೇನು?" ಎಂದು ಕೂಗದೆ ಮೊದಲ ತುತ್ತು ಬಾಯಿಗೆ ಹೋಗುವುದಿಲ್ಲ. ಟೈಮ್ ಅಂದರೆ ಟೈಮ್. ಒಮ್ಮೆ ಲಿಂಗಸೂಗೂರು ಸ್ಟ್ಯಾಂಡಿನಲ್ಲಿ ಎರಡು ನಿಮಿಷ ತಡವಾಗಿ ಬಂದ ಪ್ಯಾಸೆಂಜರೊಬ್ಬಳನ್ನು ಬಿಟ್ಟು ಸೀಟಿ ಊದಿ ಬಸ್ಸು ಬಿಡಿಸಿದ. ಆ ಪ್ಯಾಸೆಂಜರ್ ನಮ್ಮ ಅತ್ತಿ, ಅವನ ಹೆಂಡತಿ! ಮಲ್ಲಿಗೆ ಹೂ ತರಲು ಇಳಿದಿದ್ದಳು, ಪಾಪ. ಅದರ ಹಿಂದೆ ಬಂದ ಬಸ್ಸು ಹಿಡಿದು ಬಂದು ಮೂರು ದಿನ ಗಂಡನ ಜೊತೆ ಮಾತು ಬಿಟ್ಟಳು. ಎರಡು ದಿನ ಅವನಿಗೆ ಅದು ಗೊತ್ತೇ ಆಗಲಿಲ್ಲ.

ನಮ್ಮ ಈ ಅತ್ತಿಯದು ಒಂದೇ ಒಂದು ಆಸೆ. ವಳಕಮದಿನ್ನಿ ಹಳ್ಳಿಯ ಹುಡುಗಿ ಇವಳು, ಮದುವೆಯಾದ ವಾರದಲ್ಲೇ ಗಂಡನ ಡ್ಯೂಟಿ ಬಸ್ಸಿನಲ್ಲಿ ಕೂತು ಮುದಗಲ್ಲಿಗೆ ಹೋಗಿದ್ದಳು. ಅವರ ಮಧುಚಂದ್ರ ಅಂದರೆ ಅದೇ ನೋಡಿ! ಕಿಟಕಿಯಿಂದ ಕೋಟೆಯ ಗೋಡೆ ಕಂಡು ಕೇಳಿದಳಂತೆ, "ಇದರ ಒಳಗ ಏನೈತ್ರಿ?" ಮಾವ ಟಿಕೆಟ್ ಹರಿಯುತ್ತಲೇ ಹೇಳಿದನಂತೆ, "ಐದು ನಿಮಿಷ ಅಷ್ಟ ಸ್ಟಾಪ್. ಮುಂದಿನ ಸಲ ನೋಡೂಣು." ಆ ಮುಂದಿನ ಸಲ ಮೂವತ್ತು ವರ್ಷ ದಾಟಿದರೂ ಬರಲಿಲ್ಲ. ಹೋದ ತಿಂಗಳು ಅತ್ತಿ ಒಲೆಯ ಮುಂದಿಂದ ಎದ್ದು ಬಂದು, ಸೆರಗು ಸಿಕ್ಕಿಸಿ, ಖಡಕ್ಕಾಗಿ ಹೇಳಿಬಿಟ್ಟಳು: "ಮೊಣಕಾಲು ದಿನಾ ಒಂದು ರಾಗ ತಗೀತಾವ. ಈ ಸಲ ಕೋಟಿ ಒಳಗ ಕರಕೊಂಡು ಹೋಗಲಿಲ್ಲ ಅಂದ್ರ, ನಿಮ್ಮ ಕೂಡ ನಾ ಇನ್ನ ಎಲ್ಲಿಗೂ ಬರಂಗಿಲ್ಲ. ಮದುವಿಗೂ ಇಲ್ಲ, ಮಣ್ಣಿಗೂ ಇಲ್ಲ!"

ಮಾವ ಹೆದರಿದ. ಹೆದರಿದ್ದನ್ನು ತೋರಿಸಿಕೊಳ್ಳುವ ಪೈಕಿ ಅಲ್ಲವಲ್ಲ, ಅದಕ್ಕೇ ಮರುದಿನ ಇಡೀ ಬಳಗಕ್ಕೆ ಒಂದು ದಿನದ ಟೂರ್ ಘೋಷಿಸಿದ. ಮಸ್ಕಿಯ ಶಾಸನ, ಗುಡ್ಡದ ಮಲ್ಲಯ್ಯನ ಗುಡಿ, ಮುದಗಲ್ಲಿನ ಕೋಟೆ, ಅರಮನೆ. ಗೈಡ್ ಯಾರು? ಅವನೇ! ನಾನು ಹೈಸ್ಕೂಲಿನಲ್ಲಿ ಸಮಾಜ ವಿಜ್ಞಾನ ಕಲಿಸುವವಳು, ಸ್ವಲ್ಪ ನಾನೂ ಹೇಳುತ್ತೇನೆ ಅಂದೆ. "ಅಕ್ಕೋರ, ನೀವು ಪುಸ್ತಕದಾಗ ಓದೀರಿ. ನಾ ಪ್ಯಾಸೆಂಜರ ಬಾಯಿಲೆ ಕೇಳೀನಿ" ಎಂದು, ಶಾಲೆಯ ಮಕ್ಕಳು ಟೀಚರನ್ನು ಕರೆಯುವ ಹಾಗೆ ಕರೆದು, ನನ್ನ ಬಾಯಿ ಮುಚ್ಚಿಸಿದ.

ಬೆಳಿಗ್ಗೆ ಹನ್ನೊಂದಕ್ಕೆ ಕ್ರೂಸರ್ ಗಾಡಿ ಬಂತು. ಡ್ರೈವರ್ ಖಾಜಾಸಾಬ್ ಶಾಂತ ಮನುಷ್ಯ. ಪಾಪ, ಸಂಜೆಯವರೆಗೆ ಹಾಗೇ ಉಳಿಯುತ್ತಾನೋ ಇಲ್ಲವೋ ಎಂದು ನನಗೆ ಚಿಂತೆ. ಮಾವ ಅವನ ಕೈಗೆ ವೇಳಾಪಟ್ಟಿ ಕೊಟ್ಟ. ಮಸ್ಕಿ ಮೂವತ್ತೈದು ನಿಮಿಷ, ಲಿಂಗಸೂಗೂರಿನಲ್ಲಿ ಬುತ್ತಿ ಇಪ್ಪತ್ತು ನಿಮಿಷ, ಮುದಗಲ್ ನಲವತ್ತು ನಿಮಿಷ. "ಟೈಮ್ ಆದ ಕೂಡ್ಲೆ ಹಾರ್ನ್ ಹೊಡಿ. ಯಾರ ಮಖಾನೂ ನೋಡಬ್ಯಾಡ. ನನ್ನ ಮಖಾನೂ ನೋಡಬ್ಯಾಡ!" ಸಂಜೆ ನಮ್ಮನ್ನು ಕಾಯುವವರು ಊರಲ್ಲಿ ಒಬ್ಬರೂ ಇರಲಿಲ್ಲ. ಆದರೂ ಟೈಮ್ ಅಂದರೆ ಟೈಮ್.

ಮಸ್ಕಿಯಲ್ಲಿ ಬಂಡೆಯ ಮುಂದೆ ನಿಂತಾಗ ನನಗೆ ತಡೆಯಲಾಗಲಿಲ್ಲ. ಬೇರೆ ಎಷ್ಟೋ ಕಡೆ ಬರೀ ಬಿರುದು ಕೆತ್ತಿದ್ದರೆ, ಇಲ್ಲಿ ಅಶೋಕ ಅನ್ನುವ ಹೆಸರೇ ಇದೆ, ಆ ಬಿರುದಿನ ರಾಜ ಯಾರು ಅಂತ ತಿಳಿದದ್ದೇ ನಮ್ಮ ಮಸ್ಕಿಯಿಂದ ಎಂದು ಒಂದೇ ಉಸಿರಲ್ಲಿ ಹೇಳಿದೆ. ಮೈ ಜುಮ್ಮೆನ್ನುತ್ತಿತ್ತು! ಮಾವ ತಲೆಯಾಡಿಸಿದ. "ಮತ್ತ? ನಾ ಅದನ್ನ ಬಡಕೋತಿದ್ದೆ! ಬೋರ್ಡ್ ಇಲ್ಲದ ಬಸ್ಸಿಗೆ ಯಾರು ಹತ್ತತಾರ? ಉಳದ ಕಡೆ ಬೋರ್ಡ್ ಹಾಕಿದ್ದಿಲ್ಲ, ಇಲ್ಲಿ ಹಾಕ್ಯಾನ. ಶಾಣ್ಯಾ ರಾಜ!"

"ಲೇ ತಮ್ಮ, ರಾಜ ಖುದ್ದಾಗಿ ಇಲ್ಲಿ ಬಂದಿದ್ದನೇನೋ?" ಅವ್ವ ಕೇಳಿದಳು.

"ಬಂದಿದ್ದ ಅಂತ ಹಿಂದಿನ ಸೀಟಿನವ ಹೇಳ್ಯಾನ, ಬಂದಿಲ್ಲ ಅಂತ ಮುಂದಿನ ಸೀಟಿನವ ಹೇಳ್ಯಾನ. ಹಿಂದಿನವ ಪಾಸಿನವ, ಅವಂದು ನಂಬಬಾರದು." ಹೀಗೆ ಸಾವಿರಾರು ವರ್ಷದ ಚರಿತ್ರೆ ಒಂದು ಬಸ್ ಪಾಸಿನ ಮೇಲೆ ತೀರ್ಮಾನವಾಯಿತು. ನಾನು ಓದಿದ ಎಂ.ಎ. ಯಾವ ಸೀಟಿಗೂ ಸಲ್ಲಲಿಲ್ಲ.

ಆಮೇಲೆ ಗುಡ್ಡ. ಅತ್ತಿ ಮೆಟ್ಟಿಲ ಮೇಲೆ ಒಂದೊಂದೇ ಕಾಲಿಟ್ಟು, ಮೊಣಕಾಲು ಹಿಡಿದುಕೊಂಡು, ಅರ್ಧ ಹತ್ತಿದ್ದಳು. ಕೆಳಗಿನಿಂದ ಹಾರ್ನ್! ಪಕ್ಕದಲ್ಲಿ ಸೀಟಿ! "ಟೈಮ್ ಆತು, ಇಳೀರಿ ಇಳೀರಿ!" ಅತ್ತಿ ನಿಂತಲ್ಲೇ ಕೈ ಮುಗಿದು, "ಮಲ್ಲಯ್ಯಾ, ನೀನರ ಎರಡು ಮೆಟ್ಟಲ ಇಳದು ಬರಬಾರದೇನಪ್ಪಾ" ಎಂದು ತಿರುಗಿದಳು. ಇಳಿಯುವಾಗ ನನ್ನ ಕೈ ಹಿಡಿದುಕೊಂಡು ಮೆಲ್ಲಗೆ ಅಂದಳು, "ಕೋಟಿದೂ ಇದ ಹಣೆಬರಹ ಆಕೈತಿ, ನೋಡ್ತಿರು." ನಗುತ್ತಲೇ ಅಂದಳು, ಆದರೆ ನನಗೆ ಕಸಿವಿಸಿಯಾಯಿತು.

ಅಷ್ಟರಲ್ಲಿ ಒಂದು ಅನಾಹುತ! ಮಸ್ಕಿ ಬಸ್ ಸ್ಟ್ಯಾಂಡಿನ ಮುಂದೆ ಮಂದಿ ಅಡ್ಡ ಬಂದರೆಂದು ಖಾಜಾಸಾಬ್ ಗಾಡಿ ನಿಧಾನ ಮಾಡಿದ. ಅಷ್ಟೇ ಸಾಕಾಯಿತು. ಮಾವ ಬಾಗಿಲು ತೆರೆದು ಹೊರಗೆ ಜೋತುಬಿದ್ದು, "ಲಿಂಗ್ಸೂರ್ ಮುದಗಲ್! ಲಿಂಗ್ಸೂರ್ ಮುದಗಲ್! ಹತ್ರಿ ಹತ್ರಿ, ಜಲ್ದಿ!" ಎಂದು ಕೂಗಿಯೇಬಿಟ್ಟ. ಗಂಟು ಹೊತ್ತ ಒಬ್ಬ ಮುದುಕಿ ಓಡಿಬಂದು ಹತ್ತಿ, ನನ್ನ ತೊಡೆಯ ಮೇಲೆ ಅರ್ಧ, ಸೀಟಿನ ಮೇಲೆ ಅರ್ಧ ಕೂತಳು. ಗಾಡಿ ಹೊರಟ ಮೇಲೆಯೇ ಮಾವನಿಗೆ ತಾನೇನು ಮಾಡಿದೆ ಅಂತ ಹೊಳೆದದ್ದು.

"ಲೇ ತಮ್ಮ, ಇದು ಬಸ್ಸಲ್ಲ, ನಮ್ಮ ಬಾಡಿಗಿ ಗಾಡಿ ಲೇ!" ಅವ್ವ ಹಣೆ ಬಡಿದುಕೊಂಡಳು.

"ಹತ್ತಿದ ಪ್ಯಾಸೆಂಜರನ್ನ ನಡುದಾರ್ಯಾಗ ಇಳಿಸಿದ್ದು ನನ್ನ ಸರ್ವಿಸಿನಾಗ ಇಲ್ಲ," ಎಂದ ಮಾವ. ಮುದುಕಿ ಟಿಕೆಟ್ ಕೇಳಿದಳು. ಅವನ ಕೈ ತಾನಾಗಿ ಹೆಗಲ ಚೀಲ ಹುಡುಕಿ, ಸಿಗದೆ, ಅಂಗಿಯ ಗುಂಡಿ ಸರಿ ಮಾಡಿಕೊಂಡು ಕೆಳಗಿಳಿಯಿತು. "ಟಿಕೆಟ್ ಬ್ಯಾಡ ಆಯಿ. ಇದು ಟೂರ್ ಗಾಡಿ. ಮುದಗಲ್ ಕೋಟಿ ನೋಡಾಕ ಹೊಂಟೀವಿ."

ಪಾಮನಕಲ್ಲೂರಿನ ಆ ಮುದುಕಿ ಬಿದ್ದು ಬಿದ್ದು ನಕ್ಕಳು. "ಕೋಟಿ ನೋಡಾಕ? ನನ್ನ ಮಗಳ ಮನಿ ಅದರಾಗ ಐತಿ! ಕೋಟಿ ಗ್ವಾಡಿ ಮ್ಯಾಲ ಹಪ್ಪಳ ಒಣಗಸ್ತಾಳ. ಅದನ್ನ ನೋಡಾಕ ಗಾಡಿ ಮಾಡಿಕೊಂಡು ಬರ್ತಾರೇನ್ರಪ್ಪಾ!"

ಲಿಂಗಸೂಗೂರಿನ ಆಚೆ ಬೇವಿನ ಗಿಡದ ಕೆಳಗೆ ಬುತ್ತಿ ಬಿಚ್ಚಿದೆವು. ಸಜ್ಜಿ ರೊಟ್ಟಿ, ಎಣ್ಣೆಗಾಯಿ, ಶೇಂಗಾ ಹಿಂಡಿ, ಮೊಸರು. ಇಪ್ಪತ್ತನೆಯ ನಿಮಿಷಕ್ಕೆ ಹಾರ್ನ್ ಆಯಿತು. ಅವ್ವನ ರೊಟ್ಟಿ ಕೈಯಲ್ಲಿ, ಎಣ್ಣೆಗಾಯಿ ಡಬ್ಬಿಯಲ್ಲಿ, ಬೈಗುಳ ಬಾಯಲ್ಲಿ! ಎಲ್ಲವನ್ನೂ ಹಾಗೇ ಹೊತ್ತುಕೊಂಡು ಗಾಡಿ ಹತ್ತಿದೆವು.

ಕೊನೆಗೂ ಮುದಗಲ್! ಗಾಡಿಯಿಂದ ಇಳಿದು ತಲೆ ಎತ್ತಿದರೆ, ಅಬ್ಬಾ! ಕಂದಕದ ನೀರು, ಅದರಾಚೆ ಗೋಡೆ, ಗೋಡೆಯ ಹಿಂದೆ ಮತ್ತೊಂದು ಗೋಡೆ, ಕೊತ್ತಳ, ಮೇಲೆ ಗುಡ್ಡ. ಅತ್ತಿ ಬಾಯಿ ಬಿಟ್ಟುಕೊಂಡು ನಿಂತಳು. ಮಾವ ಸೀಟಿ ಊದಿ ಎಲ್ಲರನ್ನೂ ಸಾಲಾಗಿ ನಿಲ್ಲಿಸಿ, "ಎಲ್ಲಾರೂ ನನ್ನ ಹಿಂದ ಬರ್ರಿ. ಅರಮನಿ ದಾರಿ ಇತ್ತಾಗ!" ಎಂದು ದಾಪುಗಾಲು ಹಾಕಿದ. ಎಡಕ್ಕೆ ತಿರುಗಿದ, ಬಲಕ್ಕೆ ತಿರುಗಿದ, ಒಂದು ಸಂದಿಯಲ್ಲಿ ನುಗ್ಗಿದ. ಸಂದಿ ಯಾರದೋ ಎಮ್ಮೆ ಕಟ್ಟುವ ಜಾಗದಲ್ಲಿ ಮುಗಿಯಿತು. ಎಮ್ಮೆ ತಲೆ ಎತ್ತಿ ನಮ್ಮೆಲ್ಲರನ್ನೂ ಒಬ್ಬೊಬ್ಬರಾಗಿ ನೋಡಿತು.

ಗಂಟು ಹೊತ್ತು ಹಿಂದೆಯೇ ಬಂದಿದ್ದ ಮುದುಕಿ ಕೇಳಿದಳು, "ತಮ್ಮಾ, ಖರೇ ಹೇಳು. ನೀ ಇದರ ಒಳಗ ಯಾವಾಗರ ಬಂದೀಯೇನು?"

ಮಾವ ಬಗ್ಗಿ ಎಮ್ಮೆಯ ಹಗ್ಗ ಸರಿಮಾಡತೊಡಗಿದ.

"ಲೇ, ಮೂವತ್ತು ವರ್ಷ ಇದ ರೂಟಿನಾಗ ಓಡ್ಯಾಡೀಯಲ್ಲೋ!" ಅಂದಳು ಅವ್ವ.

"ಐದು ನಿಮಿಷ ಅಷ್ಟ ಸ್ಟಾಪ್ ಇತ್ತಲ್ಲಕ್ಕಾ," ಎಂದ ಮಾವ, ನೆಲ ನೋಡುತ್ತ. "ಸ್ಟ್ಯಾಂಡ್ ಬಿಟ್ಟು ಈ ಕಡೆ ಬಂದೇ ಇಲ್ಲ. ಇಳದವ್ರು ಬಂದು ಹೇಳತಿದ್ರು. ಕೇಳತಿದ್ದೆ."

ನಾವೆಲ್ಲ ನಗಬೇಕೆಂದು ಬಾಯಿ ತೆರೆದಿದ್ದೆವು. ಅಷ್ಟರಲ್ಲಿ ಅತ್ತಿ ಮುಂದೆ ಬಂದಳು. "ಹೌದೇನ್ರಿ? ನೀವೂ ನೋಡಿಲ್ಲೇನು? ದಿನಾ ನೀವೊಬ್ಬರ ನೋಡಿಕೊಂಡು ಬರ್ತೀರಿ, ನನಗ ತೋರಸವಲ್ಲರಿ ಅಂತ ಇಷ್ಟು ವರ್ಷ ಒಳಗ ಸಿಟ್ಟು ಇಟ್ಟುಕೊಂಡಿದ್ನಲ್ಲ!" ಎಂದು ಅವನ ತೋಳು ಹಿಡಿದು ಜಗ್ಗಿದಳು. ಅದು ಸಿಟ್ಟಲ್ಲ ಅಂತ ಎಲ್ಲರಿಗೂ ತಿಳಿಯಿತು.

ಮುಂದಿನ ಗೈಡ್ ಮುದುಕಿಯೇ! ಅವಳ ಮಗಳ ಮನೆಯಲ್ಲಿ ಗಂಟು ಇಳಿಸಿ, ಹಪ್ಪಳದ ಗೋಡೆಗೆ ನಮಸ್ಕಾರ ಮಾಡಿ, ಚಹಾ ಕುಡಿದು, ಅವಳ ಹಿಂದೆ ಗುಡ್ಡ ಹತ್ತಿದೆವು. ಅತ್ತಿಗೆ ಒಂದು ಕಡೆ ನಾನು ಕೈ ಕೊಟ್ಟೆ, ಇನ್ನೊಂದು ಕಡೆ ಮಾವ. ಅವನು ಹೆಂಡತಿಯ ಕೈ ಹಿಡಿದದ್ದು ಕಂಡು ಅವ್ವ ನನಗೆ ಕಣ್ಣು ಹೊಡೆದಳು. ಮೇಲೆ ಅರಮನೆ ಇದ್ದ ಜಾಗದಲ್ಲಿ ಉಳಿದಿದ್ದು ಪಾಳು ಗೋಡೆ, ಕಲ್ಲು, ಗಾಳಿ. ನನಗೆ ಸ್ವಲ್ಪ ನಿರಾಸೆಯೇ ಆಯಿತು. ಅತ್ತಿಗೆ? ಊಹೂಂ! ಒಂದು ಕಲ್ಲಿನ ಮೇಲೆ ಕೂತು, ಕೆಳಗಿನ ಊರು, ನೀರು, ಹೊಲ, ದೂರದ ರಸ್ತೆ ಎಲ್ಲವನ್ನೂ ಕಣ್ಣಲ್ಲಿ ತುಂಬಿಕೊಳ್ಳುತ್ತ, "ಅಲ್ನೋಡ್ರಿ! ನಿಮ್ಮ ಬಸ್ಸು ಆ ರಸ್ತೇಲಿಂದಲ ಬರತಿತ್ತಲ್ಲ! ಇಲ್ಲಿಂದ ಎಷ್ಟು ಸಣ್ಣದು ಕಾಣಾಕತ್ತೈತಿ!" ಎಂದು ಹಿಗ್ಗಿದಳು.

ಆಗ ಕೆಳಗಿನಿಂದ ಹಾರ್ನ್ ಕೇಳಿಸಿತು. ನಲವತ್ತು ನಿಮಿಷ! ಖಾಜಾಸಾಬ್ ಹೇಳಿದ ಹಾಗೆ ನಡೆಯುವ ಮನುಷ್ಯ. ಹೊಡೆದ, ಮತ್ತೆ ಹೊಡೆದ. ಅತ್ತಿಯ ಮುಖ ಬಾಡಿತು. ಮೊಣಕಾಲಿಗೆ ಕೈಯೂರಿ ಏಳಲು ಹೋದಳು. ಮಾವನ ಕೈ ಕೊರಳಿನ ಸೀಟಿಗೆ ಹೋಯಿತು. ನಾವೆಲ್ಲ ಅದನ್ನೇ ನೋಡುತ್ತಿದ್ದೆವು.

ಅವನು ಸೀಟಿಯ ದಾರವನ್ನು ಕೊರಳಿಂದ ತೆಗೆದು ಜೇಬಿಗೆ ಹಾಕಿಕೊಂಡ. ಇನ್ನೊಂದು ಜೇಬಿನಿಂದ ಫೋನ್ ತೆಗೆದ. "ಖಾಜಾ, ಗಾಡಿ ಬಂದ್ ಮಾಡು. ಚಹಾ ಕುಡದು ಬಾ. ಇಲ್ಲೊಬ್ಬರು ಪ್ಯಾಸೆಂಜರ್ ಬರೂದೈತಿ."

"ಟೈಮ್ ಆತಲ್ರಿ," ಅಂದಳು ಅತ್ತಿ.

"ಇನ್ನೂ ಐದು ನಿಮಿಷ ಐತಿ. ಕುಂದ್ರು, ನೋಡು," ಎಂದು ಮಾವ ಅವಳ ಪಕ್ಕದ ಕಲ್ಲಿನ ಮೇಲೆ ಕೂತ.

ಆ ಐದು ನಿಮಿಷ ಎಷ್ಟು ಹೊತ್ತು ನಡೆಯಿತು ಅನ್ನುತ್ತೀರಿ? ಮುದುಕಿ ಮಗಳ ಮನೆಗೆ ಹೋಗಿ ಹಪ್ಪಳ ಸುಟ್ಟು ತಂದಳು. ಅವ್ವ ಕಲ್ಲಿಗೆ ಒರಗಿ ಒಂದು ನಿದ್ದೆ ತೆಗೆದಳು. ಬಿಸಿಲು ತಗ್ಗಿ ಕಂದಕದ ನೀರು ಕೆಂಪಾಯಿತು. ನಡುವೆ ಒಮ್ಮೆ ಮಾವ, ಲಿಂಗಸೂಗೂರಿನಲ್ಲಿ ಆ ದಿನ ನಿನ್ನನ್ನು ಬಿಟ್ಟು ಹೋಗಬಾರದಿತ್ತು ಎಂಬಂಥದ್ದೇನೋ ಗಂಟಲಲ್ಲೇ ಅಂದ. ಅತ್ತಿ ಕೇಳಿಸದವಳಂತೆ ಅವನ ಹೆಗಲ ಮೇಲಿನ ಧೂಳು ಝಾಡಿಸಿದಳು. ನಾನು ಆ ಕಡೆ ತಿರುಗಿ ಕೊತ್ತಳ ನೋಡುವ ನೆಪ ಮಾಡಿದೆ. ಕಣ್ಣು ಮಂಜಾಗಿ ಕೊತ್ತಳವೂ ಸರಿಯಾಗಿ ಕಾಣಲಿಲ್ಲ.

ಕೊನೆಗೆ ಅತ್ತಿಯೇ ಎದ್ದಳು. ಸೀರೆಯ ನೆರಿಗೆ ಕೊಡವಿದಳು, ಇನ್ನೊಮ್ಮೆ ಸುತ್ತಲೂ ನೋಡಿದಳು. ಮಾವ ಇನ್ನೂ ಕೂತೇ ಇದ್ದ. ಅವಳು ಪಾಳು ಅರಮನೆಯ ಗೋಡೆಗೆ ಅಂಗೈಯಿಂದ ಎರಡು ಸಲ ಬಡಿದು, ಹೊಟ್ಟೆ ತುಂಬ ನಗುತ್ತ, ಗುಡ್ಡಕ್ಕೆಲ್ಲ ಕೇಳುವ ಹಾಗೆ ಕೂಗಿದಳು:

"ರೈಟ್ ರೈಟ್!"