ಕೊಸರು ರೊಟ್ಟಿಯ ಶೇಕಡಾ ಲೆಕ್ಕ

ಲಾಭ-ನಷ್ಟದ ಶೇಕಡಾ ಲೆಕ್ಕದಲ್ಲಿ ನನ್ನನ್ನು ಮೀರಿಸುವವರು ಇಡೀ ಲಿಂಗಂಪಲ್ಲಿಯಲ್ಲಿ ಇಲ್ಲ ಎಂದು ನಾನು ಗಟ್ಟಿಯಾಗಿ ನಂಬಿದ್ದೆ. ಕೊಂಡಾಪುರದ ಒಂದು ಸಾಫ್ಟ್‌ವೇರ್ ಕಂಪನಿಯಲ್ಲಿ ನಾನು ಲೆಕ್ಕದ ಗುಮಾಸ್ತ. ಅಲ್ಲಿ ಚಹಾ ಕುಡಿದರೂ ಎಷ್ಟು ಪರ್ಸೆಂಟ್ ಕುಡಿದೆ ಎಂದು ಕೇಳುತ್ತಿದ್ದ ಕಾಲ ಅದು. ಆ ವಿದ್ಯೆಯನ್ನು ಆಫೀಸಿನಲ್ಲೇ ಬಿಟ್ಟು ಬಂದಿದ್ದರೆ ನಮ್ಮ ಮನೆ ಈಗ ಇಷ್ಟು ಸುಮ್ಮನಿರುತ್ತಿರಲಿಲ್ಲ.

ನನ್ನ ಹೆಂಡತಿ ಮಹಾನಂದಾ ಸಂಜೆ ನಮ್ಮ ಬಾಡಿಗೆ ಮನೆಯ ಕಟ್ಟೆಯ ಮೇಲೆ ಜೋಳದ ರೊಟ್ಟಿ ಮಾರುತ್ತಿದ್ದಳು. ಸುತ್ತಲೂ ಅಪಾರ್ಟ್‌ಮೆಂಟುಗಳು ಏಳುತ್ತಿದ್ದವು, ಕಟ್ಟುವವರೆಲ್ಲ ಕಲಬುರಗಿ, ಯಾದಗಿರಿ ಕಡೆಯ ನಮ್ಮ ಜನ. ಹತ್ತು ರೊಟ್ಟಿಗೆ ಇಪ್ಪತ್ತು ರೂಪಾಯಿ. ಮೇಲೆ ಒಂದು ರೊಟ್ಟಿ, ಒಂದಿಷ್ಟು ಶೇಂಗಾ ಪುಡಿ ಕೊಸರು.

ಇಟ್ಟಿಗೆ ಹೊರುವ ನಾಗಮ್ಮ ದಿನಾ ಬರುತ್ತಿದ್ದಳು. ಹತ್ತು ರೊಟ್ಟಿಯನ್ನು ಮಗ, ಸೊಸೆ, ಮೊಮ್ಮಕ್ಕಳಿಗೆಂದು ಕಟ್ಟಿಕೊಂಡು, ಕೊಸರಿನ ರೊಟ್ಟಿಯನ್ನು ಕಟ್ಟೆಯ ಮೇಲೆ ಕೂತು ತಿನ್ನುತ್ತಿದ್ದಳು. ಆ ಒಂದು ರೊಟ್ಟಿ ಮುಗಿಯಲು ತಾಸು ಹಿಡಿಯುತ್ತಿತ್ತು, ಇಬ್ಬರದೂ ಅಷ್ಟು ಮಾತು. ನಮ್ಮ ಓಣಿಯೆಲ್ಲ ತೆಲುಗು. ಮಹಾನಂದಾಳ ತೆಲುಗು ಹಾಲು, ನೀರು, ಗ್ಯಾಸು ದಾಟುತ್ತಿರಲಿಲ್ಲ. ತಾಯಿ ತೀರಿಕೊಂಡ ಮೇಲೆ ಆಕೆ ನಗುವುದನ್ನು ನಾನು ಕೇಳಿದ್ದು ಆ ಕಟ್ಟೆಯ ಮೇಲೆಯೇ. ತಾಯಿಯ ತಂಗಿಯೋ ಎಂಬಂತೆ ನಾಗಮ್ಮನನ್ನು ಚಿಗವ್ವ ಎಂದು ಕರೆಯುತ್ತಿದ್ದಳು.

ಇದನ್ನೆಲ್ಲ ನಾನು ಕಣ್ಣಾರೆ ನೋಡಿದೆ. ನೋಡಿ, ಶೇಕಡಾ ಹತ್ತು ನಷ್ಟ ಎಂದು ತೀರ್ಮಾನಿಸಿದೆ!

"ಹತ್ತಕ್ಕ ಒಂದು ಪುಕ್ಕಟೆ ಅಂದ್ರ ಹತ್ತು ಪರ್ಸೆಂಟ್ ಲಾಸ್. ನಾಳಿಂದ ಕೊಸರು ಬಂದ್" ಎಂದೆ.

"ಅದು ಕೊಸರು ರೀ. ಅದಕ್ಕ ಯಾರಾದ್ರೂ ಲೆಕ್ಕ ಹಾಕ್ತಾರೇನು?"

"ಹಾಕಲಾರದಕ್ಕ ನಮ್ಮ ಮಂದಿ ಹಿಂದ ಬಿದ್ದಾರ."

ಮರುದಿನ ನಾಗಮ್ಮ ಹತ್ತು ರೊಟ್ಟಿ ತೆಗೆದುಕೊಂಡು ಸ್ವಲ್ಪ ಹೊತ್ತು ನಿಂತಳು. ನಾನೇ ಹೊರಗೆ ಬಂದು, ಆಕೆ ತಿನ್ನುವ ರೊಟ್ಟಿಯಿಂದ ನಮಗಾಗುವ ಲುಕ್ಸಾನನ್ನು ಬಹಳ ಸಮಾಧಾನದಿಂದ ಬಿಡಿಸಿ ಹೇಳಿದೆ. "ಹೌದ್ರೀ ಯಪ್ಪಾ" ಎಂದು ತಲೆಯಾಡಿಸಿ ಹೊರಟುಹೋದಳು. ಮನೆಯವರಿಗೆಂದು ಕೊಂಡ ರೊಟ್ಟಿಯನ್ನು ಮುರಿದು ತಿನ್ನುವವಳಲ್ಲ ಆಕೆ. ಆಮೇಲೆ ಬರುತ್ತಿದ್ದಳು, ಕೊಳ್ಳುತ್ತಿದ್ದಳು, ಹೋಗುತ್ತಿದ್ದಳು. ಉಳಿದ ಗಿರಾಕಿಗಳು ಸ್ಟೇಷನ್ ಹತ್ತಿರದ ರೊಟ್ಟಿಯವಳ ಕಡೆ ತಿರುಗಿದರು. ಬುಟ್ಟಿಯಲ್ಲಿ ರೊಟ್ಟಿ ಉಳಿಯತೊಡಗಿತು.

ಆಗ ನಾನು ಎರಡನೆಯ ಸುಧಾರಣಾ ಕ್ರಮವನ್ನು ಜಾರಿಗೆ ತಂದೆ. ಸದರಿ ರೊಟ್ಟಿಯ ದರವನ್ನು ಶೇಕಡಾ ಇಪ್ಪತ್ತೈದು ಏರಿಸುವುದು, ಕೂಡಲೇ ಶೇಕಡಾ ಇಪ್ಪತ್ತೈದು ರಿಯಾಯಿತಿ ಘೋಷಿಸುವುದು. ಏರಿಸಿದ್ದಷ್ಟೇ ಇಳಿಸಿದರೆ ನಮಗೇನೂ ಹೋಗುವುದಿಲ್ಲ, ಗಿರಾಕಿಗೆ ಮಾತ್ರ ಸಂತೋಷ! ದೊಡ್ಡ ಬೋರ್ಡು ಬರೆಸಿ ಗೇಟಿಗೆ ನೇತುಹಾಕಿದೆ. ಮಹಾನಂದಾಳ ಕೈಗೆ ಕ್ಯಾಲ್ಕುಲೇಟರ್ ಕೊಟ್ಟು ಗುಂಡಿ ಒತ್ತುವುದನ್ನು ಕಲಿಸಿ ಆಫೀಸಿಗೆ ಹೋದೆ.

ಗೇಟಿನ ಬೋರ್ಡು ಎಂದರೆ ಆ ಕಾಲದ ಲಿಂಗಂಪಲ್ಲಿಯಲ್ಲಿ ಒಂದೇ ಅರ್ಥ. ಸಂಜೆಯೊಳಗೆ ಮೂವರು ಬಂದು ಮನೆಯ ಬಾಡಿಗೆ ಎಷ್ಟು ಎಂದು ವಿಚಾರಿಸಿದ್ದರು. ಓದಲು ಬರುತ್ತಿದ್ದ ಒಬ್ಬ ಮೇಸ್ತ್ರಿ ಮಾತ್ರ ರೊಟ್ಟಿಯನ್ನು ಮೂಸಿ ನೋಡಿ, "ರೇಟ್ ಇಳಿಸೀರಿ ಅಂದ್ರ ನಿನ್ನಿ ರೊಟ್ಟಿ ಏನ್ರೀ?" ಎಂದು ಕೇಳಿ ಹೋದನಂತೆ.

ಹೋಗಲಿ, ಮಾರಿದ್ದಕ್ಕಾದರೂ ಪೂರ್ತಿ ಹಣ ಬಂದಿದೆಯೇ ಎಂದು ನೋಡಿದರೆ, ಹತ್ತು ರೊಟ್ಟಿಗೆ ಹದಿನೆಂಟು ರೂಪಾಯಿ ಎಪ್ಪತ್ತೈದು ಪೈಸೆಯಂತೆ ಬಂದಿತ್ತು. ಕ್ಯಾಲ್ಕುಲೇಟರ್ ಕೆಟ್ಟಿದೆ ಎಂದು ಸೆಲ್ ಬದಲಿಸಿದೆ. ಹೊಸ ಸೆಲ್ಲಿನಲ್ಲೂ ಅದೇ ಉತ್ತರ. ಬಹಳ ಹೊತ್ತಿನ ಮೇಲೆ ಹೊಳೆಯಿತು: ಏರಿಸಿದ್ದು ಇಪ್ಪತ್ತರ ಮೇಲೆ, ಅಂದರೆ ಐದು ರೂಪಾಯಿ. ಇಳಿಸಿದ್ದು ಇಪ್ಪತ್ತೈದರ ಮೇಲೆ, ಅಂದರೆ ಆರೂಕಾಲು. ಇದು ಏಳನೇ ಕ್ಲಾಸಿನ ಲೆಕ್ಕ. ನಾನು ಬಿ.ಕಾಂ.

"ಹಳೇ ರೇಟ್ ಇರಲಿ. ಕೊಸರೂ ಕೊಡು" ಎಂದೆ. ಮಹಾನಂದಾ ಬಹಳ ದಿನಗಳ ಮೇಲೆ ನನ್ನ ಮುಖ ನೋಡಿ, ಬೋರ್ಡನ್ನು ತಾನೇ ಬಿಚ್ಚಿಟ್ಟಳು.

ಮರುದಿನ ಸಂಜೆ ನಾಗಮ್ಮ ಬಂದಾಗ ನಾನು ಕಿಟಕಿಯ ಹಿಂದೆ ಇದ್ದೆ. ಮಹಾನಂದಾ ಹನ್ನೊಂದನೆಯ ರೊಟ್ಟಿಯ ಮೇಲೆ ಪುಡಿ ಹಾಕಿ ಕೊಟ್ಟಳು. ನಾಗಮ್ಮ ಎರಡು ರೂಪಾಯಿಯ ನಾಣ್ಯ ತೆಗೆದು ಕಟ್ಟೆಯ ಮೇಲಿಟ್ಟಳು.

"ರೊಕ್ಕ ಬ್ಯಾಡ ಚಿಗವ್ವ. ಇದು ಕೊಸರು. ಕೂಡು."

"ಇರಲಿ ಮಗಳ. ಇಷ್ಟು ದಿನಾ ತಿಂದಿದ್ದಕ್ಕ ನಿಮ್ಮನಿಯವರಿಗೆ ಭಾಳ ಲುಕ್ಸಾನ ಆಗೇತಿ. ನನಗ ತಿಳೀಲಿಲ್ಲ ನೋಡು."

ಕೂರಲಿಲ್ಲ. ಆ ರೊಟ್ಟಿಯನ್ನೂ ಗಂಟಿಗೆ ಸೇರಿಸಿಕೊಂಡು ಹೋದಳು. ಕೆಲವೇ ದಿನಗಳಲ್ಲಿ ಆ ಕಟ್ಟಡದ ಕೆಲಸ ಮುಗಿಯಿತು, ಅವರ ಗುಂಪು ಬೇರೆ ಕಡೆ ಹೋಯಿತು. ಹೇಳಿ ಹೋಗಲು ಆಕೆ ಬರಲಿಲ್ಲ. ಮಹಾನಂದಾ ಕಟ್ಟೆಯ ಮೇಲೆ ಕೂತು ದಾರಿ ನೋಡುತ್ತಿದ್ದಳು.

ಭಾನುವಾರ ಹೆಂಡತಿಗೆ ಹೇಳದೆ, ಬುಟ್ಟಿಯಿಂದ ಒಂದು ರೊಟ್ಟಿ ಕಟ್ಟಿಕೊಂಡು ಕೊಂಡಾಪುರದ ಕಟ್ಟಡಗಳನ್ನು ಸುತ್ತಿದೆ. ಎಲ್ಲ ಕಡೆ ವಾಚ್‌ಮನ್ನರದು ಒಂದೇ ಪ್ರಶ್ನೆ: "ಕೌನ್‌ಸೀ ನಾಗಮ್ಮ? ಗಾಂವ್ ಕೌನ್‌ಸಾ?" ಆಕೆಯ ಊರಾಗಲಿ, ಮಗನ ಹೆಸರಾಗಲಿ ನನಗೆ ಗೊತ್ತಿರಲಿಲ್ಲ. ದಿನಾ ತಾಸುಗಟ್ಟಲೆ ನಡೆದ ಮಾತಿನಲ್ಲಿ ನನ್ನ ಕಿವಿಗೆ ಬಿದ್ದದ್ದು ಶೇಕಡಾ ಹತ್ತು ಮಾತ್ರ.

ಮನೆಗೆ ಬಂದು ನಡೆದದ್ದನ್ನು ಹೇಳಿದೆ.

"ನನ್ನ ಕೇಳಿದ್ರ ಊರು ಹೇಳ್ತಿದ್ನಲ್ರೀ" ಎಂದಳು ಮಹಾನಂದಾ. ಆಮೇಲೆ ಕೇಳಿದಳು, "ಆಕಿಗೆ ಒಯ್ದ ರೊಟ್ಟಿ ಎಲ್ಲೈತಿ?"

"ಬಿಸಲಾಗ ತಿರಗಿ ಹಸಿವಾಗಿತ್ತು. ತಿಂದೆ."

ಆಕೆ ಹಿಟ್ಟಿನ ಕೈ ತೊಳೆದುಕೊಂಡು ಒಳಗೆ ಹೋದಳು. ನಷ್ಟ ಎಂದು ನಾನು ನಾಗಮ್ಮನಿಗೆ ನಿಲ್ಲಿಸಿದ ಕೊಸರನ್ನು ಕಡೆಗೆ ಪುಕ್ಕಟೆ ತಿಂದವನು ನಾನೇ.